ಏನೂ ಇಲ್ಲದ ಚಿತ್ರದ ಗಡಿ ತಕರಾರು

ವಿಠಲರಾಯರು ಮಾತಾಡುವಾಗ ಅವರ ತುಟಿಗಳ ನಡುವೆ ಸಣ್ಣ ಮೊಳೆಗಳಿರುತ್ತಿದ್ದವು. ಚಿತ್ರಗಳಿಗೆ ಚೌಕಟ್ಟು ಹೊಡೆಯುವವರ ಅಭ್ಯಾಸ ಅದು. ಎರಡೂ ಕೈ ಕೆಲಸದಲ್ಲಿರುವಾಗ ಮೊಳೆ ಇಟ್ಟುಕೊಳ್ಳಲು ಬಾಯಿಗಿಂತ ಹತ್ತಿರದ ಡಬ್ಬಿ ಇಲ್ಲ. ಮೊಳೆ ಖಾಲಿಯಾದ ಮೇಲೆಯೇ ಅವರ ಮಾತಿನಲ್ಲಿ ಪ, ಬ, ಮ ಕೇಳಿಸುತ್ತಿದ್ದವು. ಕೆಲಸಕ್ಕೆ ಸೇರಿದ ದಿನ ಅವರು ಕೊಟ್ಟ ಸೂಚನೆಗಳಲ್ಲಿ ಅರ್ಧ ನನಗೆ ಅರ್ಥವಾಗಲಿಲ್ಲ. ಉಳಿದರ್ಧ ತಪ್ಪಾಗಿದ್ದವು ಎಂದು ಆಮೇಲೆ ಗೊತ್ತಾಯಿತು.

ಚಿಕ್ಕಮಗಳೂರಿನ ಆ ಅಂಗಡಿಯಲ್ಲಿ ತೊಂಬತ್ತರ ದಶಕದ ನಡುವಿನಿಂದ ಅದು ಬಾಗಿಲು ಹಾಕುವವರೆಗೆ ಕೆಲಸ ಮಾಡಿದೆ. ನಲವತ್ತಾಗುವ ಮೊದಲೇ ನಿವೃತ್ತಳಾದೆ ಎಂದರೆ ಜನ ನಗುತ್ತಾರೆ. ಆದರೆ ನಾನು ಮಾಡುತ್ತಿದ್ದಂಥ ಕೆಲಸ ಆ ಊರಿನಲ್ಲಿ ನನಗಿಂತ ಮೊದಲು ಇರಲಿಲ್ಲ, ನನ್ನ ನಂತರವೂ ಉಳಿಯಲಿಲ್ಲ. ಇದನ್ನು ನಿವೃತ್ತಿ ಎನ್ನದೆ ಇನ್ನೇನು ಎನ್ನಬೇಕೋ ತಿಳಿಯದು. ಈಗ ಬೇರೆ ಊರುಗಳ ಚಿತ್ರಶಾಲೆಗಳಲ್ಲಿ ಕೆಲಸಕ್ಕೆ ಸೇರುವ ಹುಡುಗಿಯರು ಫೋನ್ ಮಾಡಿ, ಜನರಿಗೆ ಚಿತ್ರ ಅರ್ಥ ಮಾಡಿಸುವುದು ಹೇಗೆ ಎಂದು ಕೇಳುತ್ತಾರೆ. ಫೋನಿನಲ್ಲಿ ನಾನು ಹೆಚ್ಚು ಮಾತಾಡುವವಳಲ್ಲ. ಅದಕ್ಕೆ ಬರೆಯುತ್ತಿದ್ದೇನೆ.

ರಾಯರದು ಮೊದಲು ಬರೀ ಚೌಕಟ್ಟಿನ ಅಂಗಡಿ. ದೇವರ ಪಟ, ಮದುವೆಯ ಫೋಟೋ, ತೀರಿಕೊಂಡ ಹಿರಿಯರು. ಆ ವರ್ಷಗಳಲ್ಲಿ ಕಾಫಿಗೆ ಒಳ್ಳೆಯ ಬೆಲೆ ಬಂದು, ಬೆಳೆಗಾರರು ಹೊಸ ಬಂಗಲೆ ಕಟ್ಟಿಸತೊಡಗಿದರು. "ಗೋಡೆ ದೊಡ್ಡದಾಯ್ತು ಅಮ್ಮ, ದೇವರು ಸಾಲ್ತಿಲ್ಲ," ಎಂದು ರಾಯರು ಹೇಳುತ್ತಿದ್ದರು. ಅಂಗಡಿಯ ಹಿಂಭಾಗದ ಕೋಣೆಗೆ ಸುಣ್ಣ ಹೊಡೆಸಿ, ಮೈಸೂರು, ಮಂಗಳೂರು ಕಡೆಯ ಚಿತ್ರಕಾರರ ಕೃತಿಗಳನ್ನು ತಂದು ತೂಗುಹಾಕಿದರು. ಅವುಗಳ ಬಗ್ಗೆ ಗಿರಾಕಿಗಳಿಗೆ ಹೇಳಲು ಒಬ್ಬರು ಬೇಕಿತ್ತು. ನಾನು ಆಗಷ್ಟೇ ಮೈಸೂರಿನಲ್ಲಿ ಕಲೆಯ ಇತಿಹಾಸ ಓದಿ ಬಂದಿದ್ದೆ.

ನಾನು ಓದಿದ್ದ ಪ್ರಕಾರ ಚಿತ್ರಗಳಲ್ಲಿ ಸಾದೃಶ್ಯ ಮತ್ತು ಅಮೂರ್ತ ಎಂಬ ಎರಡು ಬಗೆ. ಮೊದಲನೆಯದರಲ್ಲಿ ಮರ, ಹಸು, ಮನುಷ್ಯ, ಹೀಗೆ ಲೋಕದ ಯಾವುದೋ ವಸ್ತು ಗುರುತು ಸಿಗುತ್ತದೆ. ಎರಡನೆಯದರಲ್ಲಿ ಬಣ್ಣ ಬಣ್ಣವಾಗಿಯೇ, ಗೆರೆ ಗೆರೆಯಾಗಿಯೇ ಇರುತ್ತದೆ. ಅದು ಬೇರೆ ಯಾವುದನ್ನೂ ತೋರಿಸುವುದಿಲ್ಲ. ರಾಯರು ಇದನ್ನು ಗಮನವಿಟ್ಟು ಕೇಳಿ, "ಅಂದ್ರೆ ಕಾಣೋದು, ಕಾಣದ್ದು," ಎಂದರು. ಅಂದಿನಿಂದ ಅಂಗಡಿಯಲ್ಲಿ ಅದೇ ಹೆಸರು. "ಅಮ್ಮ, ಆ ದೊಡ್ಡ ಕಾಣದ್ದನ್ನ ಸ್ವಲ್ಪ ಒರೆಸಿಡು."

ಮೊದಲ ವರ್ಷ ಕಾಣುವ ಚಿತ್ರಗಳೇ ಮಾರಾಟವಾದವು. ಮಾರಾಟವಾದವು ವಾಪಸ್ಸೂ ಬಂದವು. ಆಲ್ದೂರಿನ ಬೆಳೆಗಾರರೊಬ್ಬರು ಕಾಟಿಯ, ಅಂದರೆ ಕಾಡುಕೋಣದ, ಚಿತ್ರ ಕೊಂಡು, ಮರುವಾರವೇ ಜೀಪಿನ ಹಿಂದೆ ಹಾಕಿಕೊಂಡು ಬಂದರು. ಕಾಟಿಗೆ ಮೊಣಕಾಲಿನಿಂದ ಕೆಳಗೆ ಬಿಳಿ ಇರುತ್ತದೆ. ಚಿತ್ರಕಾರರು ನಾಲ್ಕೂ ಕಾಲನ್ನು ಕಪ್ಪಾಗಿ ಬಳಿದಿದ್ದರು.

"ಇದು ಕಾಟಿ ಅಲ್ಲಮ್ಮ, ಎಮ್ಮೆ," ಎಂದರು ಅವರು. "ಬಂದವರೆಲ್ಲ, ಎಮ್ಮೆ ಯಾವಾಗ ತಂದ್ರಿ, ಹಾಲು ಎಷ್ಟು ಕೊಡ್ತದೆ ಅಂತ ಕೇಳ್ತಾರೆ."

ಜಾವಳಿಯ ಇನ್ನೊಬ್ಬರಿಗೆ ಕಾಫಿ ಕೊಂಬೆಯ ಚಿತ್ರ ಕೊಟ್ಟಿದ್ದೆವು. ಒಂದೇ ಕೊಂಬೆಯಲ್ಲಿ ಬಿಳಿ ಹೂವಿನ ಗೊಂಚಲು, ಪಕ್ಕದಲ್ಲೇ ಕೆಂಪು ಹಣ್ಣು. ಬಯಲುಸೀಮೆಯ ಚಿತ್ರಕಾರರು ಎರಡೂ ಚಂದವೆಂದು ಎರಡನ್ನೂ ಬರೆದಿದ್ದರು. ಹೂವು ಬೇಸಿಗೆಯ ಮೊದಲ ಮಳೆಗೆ, ಹಣ್ಣು ಚಳಿಗಾಲಕ್ಕೆ ಎಂಬುದನ್ನು ಅವರಿಗೆ ಯಾರೂ ಹೇಳಿರಲಿಲ್ಲ. ಜಾವಳಿಯವರು ಕೋಪಿಸಿಕೊಳ್ಳಲಿಲ್ಲ. ರಾಯರ ಮುಂದೆ ಚಿತ್ರ ಒರಗಿಸಿಟ್ಟು, ತುಂಬಾ ವಿನಯದಿಂದ, "ರಾಯ್ರೆ, ಈ ತಳಿದು ನಂಗೆ ಒಂದು ನಾಲ್ಕು ಸಸಿ ಕೊಡ್ಸಿ," ಎಂದರು.

ಆ ಸಂಜೆ ನಾನು ರಾಯರಿಗೆ ಹೇಳಿದೆ: ಕಾಣುವ ಚಿತ್ರದ ವಿಷಯದಲ್ಲಿ ನಮ್ಮ ಗಿರಾಕಿಗಳು ನಮಗಿಂತ ತಿಳಿದವರು, ತಪ್ಪು ಹುಡುಕುತ್ತಾರೆ. ಅಮೂರ್ತ ಚಿತ್ರ ಯಾವುದನ್ನೂ ತೋರಿಸುವುದಿಲ್ಲವಾದ್ದರಿಂದ ಅದರಲ್ಲಿ ಅಂಥ ತಪ್ಪು ಇರಲು ಸಾಧ್ಯವಿಲ್ಲ.

ರಾಯರು ಬಾಯಿಂದ ಮೊಳೆ ತೆಗೆದರು. "ಅಂದ್ರೆ ವಾಪಸ್ ಬರೋಲ್ಲ?"

"ಬರಬಾರದು."

"ಹಂಗಾದ್ರೆ ಇನ್ಮೇಲೆ ಕಾಣದ್ದನ್ನೇ ತರ್ಸಾಣ."

ತರಿಸಿದೆವು. ಮಾರುವುದು ಸುಲಭವಿರಲಿಲ್ಲ. ಆರಂಭದಲ್ಲಿ ಪ್ರತಿ ಚಿತ್ರದ ಕೆಳಗೆ ಒಂದು ಪುಟದ ವಿವರಣೆ ಅಂಟಿಸಿದೆ. ಗಿರಾಕಿಗಳು ಅದನ್ನು ಪೂರ್ತಿ ಓದಿ, ಚಿತ್ರ ನೋಡದೆ ಹೊರಟುಹೋಗುತ್ತಿದ್ದರು. ಆಮೇಲೆ ಕಾಗದ ತೆಗೆದು ಬಾಯಿಯಲ್ಲಿ ಹೇಳತೊಡಗಿದೆ. ಅವರು ತಲೆದೂಗಿ ಕೇಳಿ, ಕೊನೆಗೆ, "ಎಲ್ಲ ಸರಿ ಮೇಡಂ, ಆದ್ರೆ ಇದು ಎಂತದು?" ಎನ್ನುತ್ತಿದ್ದರು. ಮೂರನೆಯ ವಿಧಾನ ನನಗೆ ತಾನಾಗಿ ಸಿಕ್ಕಿತು, ತಾರಕ್ಕ ಅಂಗಡಿಗೆ ಬಂದ ದಿನ.

ತಾರಕ್ಕ ಗೋಣಿಬೀಡಿನ ಹತ್ತಿರದ ಒಂದು ಎಸ್ಟೇಟಿನ ಯಜಮಾನಿ. ಐವತ್ತರ ಆಸುಪಾಸು, ದೊಡ್ಡ ದನಿ. ಮಾವನ ಫೋಟೋಗೆ ಹೊಸ ಗಾಜು ಹಾಕಿಸಲು ಬಂದವರು, ಕಾಯುತ್ತ ಹಿಂದಿನ ಕೋಣೆಗೆ ಬಂದು ಒಂದು ದೊಡ್ಡ ಅಮೂರ್ತ ಚಿತ್ರದ ಮುಂದೆ ನಿಂತರು. ಕರಾವಳಿಯ ಚಿತ್ರಕಾರರೊಬ್ಬರದು. ಬೇರೆ ಬೇರೆ ಹಸಿರಿನ ತೇಪೆಗಳು, ಒಂದೆರಡು ಕಡೆ ಇಟ್ಟಿಗೆಯ ಕೆಂಪು, ಎಡಬದಿಯಲ್ಲಿ ಒಂದು ನೀಲಿ ಮಚ್ಚೆ, ನಡುವೆ ಮೇಲಿನಿಂದ ಕೆಳಗೆ ಇಳಿಯುವ ದಪ್ಪ ಬಿಳಿ ಗೆರೆ.

"ಇದು ಎಂತದು ತಂಗಿ?"

ವಿವರಿಸಲು ಬಾಯಿ ತೆರೆದವಳು ಅವರ ಸೀರೆ ನೋಡಿ ನಿಲ್ಲಿಸಿದೆ. "ನಿಮ್ಮ ಸೀರೆಯ ಅಂಚಿನಲ್ಲಿ ಏನಿದೆ?"

"ಚೌಕಳಿ."

"ಅದು ಯಾವುದರ ಚಿತ್ರ?"

ತಾರಕ್ಕ ಸೆರಗು ಹಿಡಿದು ನೋಡಿಕೊಂಡರು. "ಯಾವುದ್ರದ್ದೂ ಅಲ್ಲ. ಚೌಕಳಿ ಅಂದ್ರೆ ಚೌಕಳಿ."

"ಮತ್ತೆ ಯಾಕೆ ಕೊಂಡಿರಿ?"

"ಚಂದ ಇತ್ತು ಮಾರಾಯ್ತಿ, ಕೊಂಡೆ," ಎಂದರು. ಆಮೇಲೆ ಚಿತ್ರ ನೋಡಿದರು. ಮತ್ತೆ ಸೆರಗು ನೋಡಿದರು. "ಓ," ಎಂದರು. ಮಾವನ ಫೋಟೋದ ಜೊತೆಗೆ ಆ ಚಿತ್ರವೂ ಗೋಣಿಬೀಡಿಗೆ ಹೊರಟಿತು. ಅಷ್ಟು ದೊಡ್ಡ ಕಾಣದ್ದು ನಮ್ಮಲ್ಲಿ ಮಾರಾಟವಾದದ್ದು ಅದೇ ಮೊದಲು. ರಾಯರು ಆ ದಿನ ಅಂಗಡಿಯವರಿಗೆಲ್ಲ ಮಸಾಲೆ ದೋಸೆ ತರಿಸಿದರು. ಅಂಗಡಿಯವರೆಂದರೆ ನಾನು ಮತ್ತು ಅವರು.

ಚಿತ್ರ ತೂಗುಹಾಕಲು ನಾನೇ ಹೋಗಿದ್ದೆ. ಚಿತ್ರ ಕೊಟ್ಟವರೇ ಗೋಡೆ ಆರಿಸಿ ತೂಗುಹಾಕಿ ಬರಬೇಕೆಂಬುದು ನನ್ನ ನಿಯಮ. ಅದನ್ನು ಈಗಲೂ ಹೇಳುತ್ತೇನೆ. ಜೊತೆಗೆ ಇದನ್ನೂ ಸೇರಿಸುತ್ತೇನೆ: ಆ ಗೋಡೆಯ ಮೇಲೆ ಮೊದಲು ಏನಿತ್ತು ಎಂದು ಕೇಳಿ. ನಾನು ಕೇಳಲಿಲ್ಲ. ಮನೆಯ ಮುಂಭಾಗದ ಆಫೀಸು ಕೋಣೆಯಲ್ಲಿ, ಯಜಮಾನರ ಕುರ್ಚಿಯ ಹಿಂದೆ, ಪಕ್ಕದ ಕಿಟಕಿಯಿಂದ ಹದವಾದ ಬೆಳಕು ಬೀಳುವ ಗೋಡೆಯಿತ್ತು. ಒಳ್ಳೆಯ ಮೊಳೆಯೂ ಇತ್ತು. ಮನೆಯ ಗಂಡಸರು ತೋಟದಲ್ಲಿದ್ದರು. ತೂಗುಹಾಕಿ, ಕಾಫಿ ಕುಡಿದು ಬಂದೆ.

ಎಸ್ಟೇಟು ಆಫೀಸುಗಳನ್ನು ಕಂಡವರಿಗೆ ಈಗಾಗಲೇ ಗೊತ್ತಾಗಿರಬೇಕು. ಯಜಮಾನರ ಕುರ್ಚಿಯ ಹಿಂದೆ ತೂಗುವುದು ಎಸ್ಟೇಟಿನ ನಕ್ಷೆ. ಪ್ರತಿ ಬ್ಲಾಕಿಗೂ ಒಂದು ಬಣ್ಣ: ಅರೇಬಿಕಾ ಕಾಫಿ ಒಂದು ಹಸಿರು, ರೊಬಸ್ಟಾ ಇನ್ನೊಂದು, ಕಾಫಿ ಒಣಗಿಸುವ ಕಣ ಕೆಂಪು, ನೀರು ನೀಲಿ. ಲೆಕ್ಕ ಬರೆಯುವ ರೈಟರು, ಮೇಸ್ತ್ರಿ, ಯಜಮಾನರು ದಿನ ಬೆಳಗಾದರೆ ಅದರ ಮುಂದೆ ನಿಂತೇ ಕೆಲಸ ಹಂಚುವುದು. ಈ ಮನೆಯ ಹಳೆಯ ನಕ್ಷೆಯನ್ನು ಗೆದ್ದಲು ತಿಂದಿತ್ತು. ಹೊಸದು ಬರೆಯಲು ಕೊಟ್ಟಿದ್ದರು. ಅದು ಇಂದೋ ನಾಳೆಯೋ ಬರುತ್ತದೆಂದು ಮನೆಯವರೆಲ್ಲ ಕಾಯುತ್ತಿದ್ದರು.

ವಾರ ಕಳೆಯುವುದರೊಳಗೆ ತಾರಕ್ಕನ ಫೋನು ಬಂತು.

"ತಂಗಿ, ನಿನ್ನ ಚಿತ್ರ ನಮ್ಮನೆ ಒಡೀತಾ ಉಂಟು."

ಅವರು ಹೇಳಿದ್ದು ಇಷ್ಟು. ತಾರಕ್ಕನ ಗಂಡ ಹೂವಪ್ಪಗೌಡರು ಮತ್ತು ಅವರ ತಮ್ಮ ರತ್ನಾಕರ ಒಟ್ಟಿಗೇ ಇದ್ದವರು. ತಂದೆತಾಯಿ ಬೇಗ ಹೋದದ್ದರಿಂದ ರತ್ನಾಕರನನ್ನು ಸಾಕಿದ್ದು ಅಣ್ಣ ಅತ್ತಿಗೆಯೇ. ಅವನಿಗೆ ಮದುವೆ ಗೊತ್ತಾಗಿತ್ತು. ಮದುವೆಗೆ ಮೊದಲು ತೋಟ ಪಾಲಾಗಲಿ, ಆಮೇಲೆ ಹೆಂಗಸರಿಂದ ಮನೆ ಒಡೆಯಿತು ಎಂಬ ಮಾತು ಬರುವುದು ಬೇಡ ಎಂದು ನೆಂಟರು ಹೇಳಿದ್ದರು. ಯಾರಿಗೆ ಯಾವ ಭಾಗ ಎಂಬ ಮಾತು ಮಾತ್ರ ಮುಂದಕ್ಕೆ ಹೋಗಿರಲಿಲ್ಲ. ಅಣ್ಣ "ತಮ್ಮ ಕೇಳಿದ್ದು ಕೊಡ್ತೀನಿ" ಎನ್ನುವವರು. ತಮ್ಮ "ಅಣ್ಣಯ್ಯ ಕೊಟ್ಟಿದ್ದು ತಗೊಳ್ತೀನಿ" ಎನ್ನುವವನು. ಹೀಗಿರುವಾಗ ರತ್ನಾಕರ ಆಫೀಸು ಕೋಣೆಗೆ ಬಂದು, ಹೊಸ ನಕ್ಷೆಯನ್ನೂ ನಡುವೆ ಎಳೆದ ದಪ್ಪ ಬಿಳಿ ಗೆರೆಯನ್ನೂ ನೋಡಿದ್ದ. ನೀಲಿ ಕೆರೆ ಗೆರೆಯ ಎಡಕ್ಕೆ, ಅಣ್ಣನ ಪಾಲೆಂದು ಅವನು ಅಂದುಕೊಂಡ ಕಡೆಗೆ ಇತ್ತು.

"ನಂಗೆ ಒಂದು ಮಾತು ಹೇಳದೆ ಗೆರೆ ಎಳ್ಸಿ ಗೋಡೆಗೆ ಹಾಕಿದ್ರು ಅಂತ ಅವನು," ಎಂದರು ತಾರಕ್ಕ. "ಅದು ನಕ್ಷೆ ಅಲ್ವೋ, ಚಿತ್ರ ಅಂದೆ. ಎಂಥ ಚಿತ್ರ ಅಂದ. ಏನೂ ಅಲ್ಲದ ಚಿತ್ರ ಅಂದೆ. ಏನೂ ಅಲ್ಲದ್ದನ್ನ ದುಡ್ಡು ಕೊಟ್ಟು ಯಾರು ತರ್ತಾರೆ ಅತ್ತಿಗೆ, ನನ್ನನ್ನ ಮಗು ಮಾಡ್ಬೇಡಿ ಅಂತ ಜೀಪು ಹತ್ತಿ ಹೋದ. ಅವತ್ತಿಂದ ಗೋಣಿಬೀಡು ಹೋಟ್ಲಲ್ಲಿ ಊಟ. ನಾನು ಬಡ್ಸಿದ್ದು ಮುಟ್ಟಿಲ್ಲ. ಇವರೋ, ನನ್ನನ್ನ ಕಳ್ಳ ಅಂದವನ ಮದುವೇಲಿ ನಾನು ಹಿರಿಯನಾಗಿ ನಿಲ್ಲೋಲ್ಲ ಅಂತಾರೆ. ನಾನು ಅವನಿಗೆ ಚಡ್ಡಿ ಹಾಕಿ ಬೆಳ್ಸಿದವಳು ತಂಗಿ."

ರಾಯರಿಗೆ ಹೇಳಿದೆ. ಅವರು ಮೊದಲು ಕೇಳಿದ್ದು, "ಕಾಣದ್ದು ವಾಪಸ್ ಬರೋಲ್ಲ ಅಂದಿದ್ದೆಯಲ್ಲಮ್ಮ?" ಆಮೇಲೆ ಗೋಡೆಯಿಂದ ಒಂದು ಜಲಪಾತದ ಚಿತ್ರ ಇಳಿಸಿ ಬಟ್ಟೆ ಸುತ್ತಿದರು. "ಇದನ್ನ ಕೊಟ್ಟು ಅದನ್ನ ತರೋಣ. ಜಲಪಾತಕ್ಕೆ ಯಾರೂ ಜಗಳ ಆಡೋಲ್ಲ."

"ಇದು ಯಾರ ಪಾಲಿನಲ್ಲಿ ಬೀಳುತ್ತೆ ಅಂತ ಕೇಳಿದರೆ?"

ರಾಯರು ಸ್ವಲ್ಪ ಯೋಚಿಸಿ, ಜಲಪಾತದ ಬಟ್ಟೆ ಬಿಚ್ಚಿ ಮತ್ತೆ ಗೋಡೆಗೆ ಹಾಕಿದರು.

ನಾವು ಬರಿಗೈಯಲ್ಲಿ ಹೋದೆವು. ನನ್ನ ಒತ್ತಾಯಕ್ಕೆ ತಾರಕ್ಕ ಮೈದುನನಿಗೆ ಹೇಳಿ ಕಳಿಸಿದ್ದರು. ಅವನು ಬಾಗಿಲ ಚೌಕಟ್ಟಿಗೆ ಒರಗಿ ನಿಂತಿದ್ದ, ಒಳಗೆ ಬರಲೊಲ್ಲ. ಹೂವಪ್ಪಗೌಡರು ಕುರ್ಚಿಯಲ್ಲಿ, ಚಿತ್ರಕ್ಕೆ ಬೆನ್ನು ಹಾಕಿ ಕೂತಿದ್ದರು.

ನಾನು ಓದಿದ್ದನ್ನೆಲ್ಲ ಹೇಳಿದೆ. ಸೀರೆಯ ಅಂಚಿನ ಉದಾಹರಣೆಯನ್ನೂ ಕೊಟ್ಟೆ. ರತ್ನಾಕರ ಮರ್ಯಾದೆಯಿಂದ ಕೇಳಿಸಿಕೊಂಡ.

"ಸೀರೆ ಅಂಚಲ್ಲಿ ಕೆರೆ ಇರೋಲ್ಲ ಮೇಡಂ," ಎಂದ.

"ಅದು ಕೆರೆಯಲ್ಲ. ನೀಲಿ ಬಣ್ಣ."

"ನಮ್ಮ ಕೆರೆನೂ ನೀಲಿನೇ."

"ಆ ಚಿತ್ರಕಾರರು ನಿಮ್ಮ ತೋಟ ನೋಡಿಯೇ ಇಲ್ಲ."

"ನೋಡ್ದೇನೇ ಇಷ್ಟು ಸರಿಯಾಗಿ ಬರೆದ್ರಾ?"

ಚಿತ್ರಕಾರರನ್ನೇ ಕೇಳೋಣವೆಂದು ಅವರ ಮನೆಗೆ ಫೋನ್ ಹಚ್ಚಿದೆ. ಗೌಡರ ಫೋನಿನಲ್ಲಿ ಎಲ್ಲರಿಗೂ ಕೇಳಿಸುವ ಗುಂಡಿಯಿತ್ತು. ಅದನ್ನು ಒತ್ತಿದ್ದು ನನ್ನ ಎರಡನೆಯ ಅವಿವೇಕ.

"ಸಾರ್," ಎಂದು ರತ್ನಾಕರ ಬಾಗಿಲಿನಿಂದಲೇ ಕೂಗಿದ, "ಆ ನೀಲಿನ ಎಡಗಡೆ ಯಾಕೆ ಇಟ್ರಿ?"

ಚಿತ್ರಕಾರರಿಗೆ ತಮ್ಮ ಕೃತಿಯ ಬಗ್ಗೆ ಇಷ್ಟು ಸೂಕ್ಷ್ಮವಾಗಿ ಯಾರೂ ಕೇಳಿರಲಿಲ್ಲವೆಂದು ತೋರುತ್ತದೆ. ಸಂತೋಷದಿಂದ ಹೇಳಿದರು: "ಅದು ಅಲ್ಲೇ ಇರಬೇಕು ಅನ್ನಿಸ್ತು."

"ಕೇಳಿದ್ರಾ!" ಎಂದ ರತ್ನಾಕರ.

"ಗೆರೆಯ ಈಚೆಗೆ ತಂದಿದ್ರೆ ಬಲಭಾಗಕ್ಕೆ ಭಾರ ಜಾಸ್ತಿ ಆಗ್ತಿತ್ತು."

"ನಂಗೆ ಕೊಟ್ರೆ ಭಾರ ಜಾಸ್ತಿ ಆಗ್ತಿತ್ತಂತೆ!"

ಹೂವಪ್ಪಗೌಡರು ಎದ್ದರು. "ಯಾರ್ರೀ ನೀವು, ನನ್ನ ತಮ್ಮನಿಗೆ ಎಷ್ಟು ಭಾರ ಅಂತ ಹೇಳೋಕೆ?" ಎಂದು ಫೋನಿಗೆ ಗದರಿದರು. ನಾನು ಫೋನ್ ಇಟ್ಟೆ. ರಾಯರು ಅಭ್ಯಾಸಬಲದಿಂದ ಜೇಬಿನಿಂದ ಮೊಳೆ ತೆಗೆದು ಬಾಯಿಗೆ ಹಾಕಿಕೊಂಡರು. ಅವರಿಂದ ಇನ್ನು ಮಾತಿನ ಸಹಾಯವೂ ಇಲ್ಲವೆಂದಾಯಿತು.

ಚಿತ್ರ ವಾಪಸ್ ಒಯ್ಯುವುದೇ ಸರಿ ಎಂದು ಅದನ್ನು ಗೋಡೆಯಿಂದ ಇಳಿಸಿದೆ. ದೊಡ್ಡದು, ಭಾರ. ಕೈ ಜಾರಿ ಅರ್ಧ ಸುತ್ತು ತಿರುಗಿತು. ಹಾಗೇ ಮೇಜಿಗೆ ಒರಗಿಸಿದೆ.

ರತ್ನಾಕರ ಒಂದು ಹೆಜ್ಜೆ ಒಳಗಿಟ್ಟ. "ಈಗ ಕೆರೆ ನನ್ನ ಕಡೆ ಬಂತು," ಎಂದ.

ಗೌಡರೂ ತಿರುಗಿ ನೋಡಿದರು. ಅವರು ಆ ಚಿತ್ರವನ್ನು ನಿಜವಾಗಿ ನೋಡಿದ್ದು ಅದೇ ಮೊದಲಿರಬೇಕು. "ಬಂದ್ರೆ ಬರ್ಲಿ. ಇಟ್ಕೋ. ಆದ್ರೆ ಹಿಂಗಾದ್ರೆ ಕಣನೂ ನಿನ್ನ ಕಡೆಗೇ ಹೋಯ್ತಲ್ಲೋ. ನಾನು ಕಾಫಿ ಎಲ್ಲಿ ಒಣಗ್ಸೋದು, ನಿನ್ನ ತಲೆ ಮೇಲಾ?"

"ಕಣ ನಂಗ್ಯಾಕೆ ಅಣ್ಣಯ್ಯ? ಕಣ ನಿಮ್ಮದೇ."

"ಅದು ನಕ್ಷೆಯಲ್ಲ," ಎಂದೆ ನಾನು. ಯಾರೂ ಕೇಳಿಸಿಕೊಳ್ಳಲಿಲ್ಲ.

"ಅಮ್ಮ, ಒಂಚೂರು ಹಿಂಗೆ ತಿರುಗ್ಸಿ," ಎಂದರು ಗೌಡರು. ತಿರುಗಿಸಿದೆ. ಈಗ ಬಿಳಿ ಗೆರೆ ಅಡ್ಡಕ್ಕೆ ಬಂದು, ಒಂದು ಪಾಲು ಮೇಲೆ, ಇನ್ನೊಂದು ಕೆಳಗೆ ಆಯಿತು. ಅಣ್ಣ ತಮ್ಮ ಇಬ್ಬರೂ ಅದರ ಮುಂದೆ ಕುಕ್ಕರುಗಾಲಿನಲ್ಲಿ ಕೂತರು.

"ಹಿಂಗಾದ್ರೆ ನಮ್ಮ ತೋಟದ ಮೇಲಿನ ಕಲ್ಲುಗುಡ್ಡ ಪೂರ್ತಿ ಒಬ್ಬನಿಗೆ," ಎಂದರು ಗೌಡರು. "ಅದನ್ನ ಯಾರು ತಗೊಳ್ತಾರೆ? ಅದನ್ನ ನಿಂಗೆ ಕೊಡೋಕೆ ನಂಗೆ ಮನಸ್ಸು ಬರ್ಲಿಲ್ಲ ಕಣೋ. ಅದಕ್ಕೇ ಇಷ್ಟು ದಿನ ಬಾಯಿ ಬಿಟ್ಟಿಲ್ಲ."

ರತ್ನಾಕರ ಚಿತ್ರದ ಮೇಲ್ಭಾಗದ ಕಡು ಹಸಿರನ್ನು ನೋಡುತ್ತಿದ್ದ. "ನಂಗೆ ಅದೇ ಬೇಕಿತ್ತು."

"ಎಂತದು?"

"ಗುಡ್ಡ. ಅಲ್ಲಿ ಮೆಣಸು ಬರ್ತದೆ. ಮನೆ ಕಟ್ಟಿದ್ರೆ ಇಲ್ಲಿಯ ನಿಮ್ಮ ಒಲೆ ಹೊಗೆ ಕಾಣ್ತದೆ."

"ಕಳ್ಳ! ಕೇಳೋಕೆ ಎಂತ ದಾಡಿ ನಿಂಗೆ?"

"ಕೇಳಿದ್ರೆ ಕಲ್ಲುಗುಡ್ಡ ಕೊಟ್ಟು ತಮ್ಮನ್ನ ಅಟ್ಟಿದ ಅಂತ ಊರೆಲ್ಲ ನಿಮ್ಮನ್ನ ಆಡ್ಕೊಳ್ತದೆ."

"ಮತ್ತೆ ಕೆರೆಗೆ ಯಾಕೋ ಅಷ್ಟು ಕುಣಿದೆ?"

"ಕೆರೆ ನಂಗೆ ಬೇಡ. ಬೇಡ ಅಂತ ನಾನು ಹೇಳ್ಬೇಕಿತ್ತು. ಗೋಡೆ ಹೇಳೋದಲ್ಲ."

ಗೌಡರು ತಮ್ಮನ ಬೆನ್ನಿಗೆ ಒಂದು ಗುದ್ದು ಗುದ್ದಿದರು. ಮೆಲ್ಲಗೇನೂ ಅಲ್ಲ. "ಹೂವಿನ ಟೈಮಲ್ಲಿ ನೀರು ಹೊಡೆಯೋಕೆ ನಿನ್ನ ಪೈಪೂ ನನ್ನ ಕೆರೆಗೇ ಬರ್ಬೇಕು ಮಾರಾಯ. ಕೆರೆ ಇಬ್ಬರದ್ದೂ."

ಬಾಗಿಲಲ್ಲಿ ನಿಂತು ಎಲ್ಲ ಕೇಳಿಸಿಕೊಂಡಿದ್ದ ತಾರಕ್ಕ ಸೆರಗಿನಿಂದ ಮುಖ ಒರೆಸಿಕೊಂಡು, "ಕಡುಬು ಆರ್ತಾ ಉಂಟು. ಹೋಟ್ಲಿಗೆ ಹೋಗೋರು ಹೋಗಿ, ಉಳಿದವ್ರು ಬನ್ನಿ," ಎಂದರು. ರತ್ನಾಕರ ಎಲ್ಲರಿಗಿಂತ ಮೊದಲು ಹೋಗಿ ಕೂತ.

ಊಟದ ನಡುವೆ ನಾನು, ಸಂಜೆಯ ಬಸ್ಸಿಗೆ ಚಿತ್ರವನ್ನು ವಾಪಸ್ ಒಯ್ಯುತ್ತೇನೆ ಎಂದೆ.

"ಯಾಕೆ ಒಯ್ತೀರಿ?" ಎಂದ ರತ್ನಾಕರ. "ಅದು ನನ್ನ ಹೊಸ ಮನೆಗೆ. ಗುಡ್ಡ ಮೇಲೆ ಬರೋ ಹಂಗೆ ಹಾಕ್ತೀನಿ."

"ನಿನ್ನ ಮನೆಗೆ ಇನ್ನೂ ಪಾಯ ಇಲ್ಲ," ಎಂದರು ಗೌಡರು. "ಅದು ಆಫೀಸಲ್ಲೇ ಇರ್ತದೆ. ಮೊದ್ಲು ಇದ್ದ ಹಂಗೇ."

"ಮೊದ್ಲು ಇದ್ದ ಹಂಗೆ ಅಂದ್ರೆ ಕೆರೆ ನಿಮ್ಮ ಕಡೆ!"

ರಾಯರು ಕಡುಬು ಕೈಯಲ್ಲಿ ಹಿಡಿದು ನನ್ನ ಮುಖ ನೋಡಿದರು. ತೋಟ ಪಾಲಾಗಿತ್ತು. ಈಗ ಚಿತ್ರ ಪಾಲಾಗುವುದರಲ್ಲಿತ್ತು.

"ಸಾಕು," ಎಂದರು ತಾರಕ್ಕ. "ಅದನ್ನ ಕೊಂಡಿದ್ದು ನಾನು. ಆಫೀಸಿಗೂ ಬೇಡ, ಗುಡ್ಡಕ್ಕೂ ಬೇಡ. ಈ ಊಟದ ಹಾಲಲ್ಲಿ ಇರ್ಲಿ. ಒಂದು ತಿಂಗಳು ಅವನು ಹೇಳಿದ ಬದಿ ಮೇಲೆ, ಒಂದು ತಿಂಗಳು ಇವರು ಹೇಳಿದ ಬದಿ ಮೇಲೆ. ಯಾರ ಬದಿ ಇದ್ರೂ ಇಬ್ಬರೂ ಇಲ್ಲೇ ಬಂದು ಉಣ್ಬೇಕು." ಆಮೇಲೆ ನನ್ನ ಕಡೆ ತಿರುಗಿದರು. "ತಂಗಿ, ಇನ್ನೆರಡು ಬದಿ ಉಳೀತದಲ್ಲ? ಒಂದು ನಂಗೆ. ಆಗ ಗೆರೆ ಅಡ್ಡಕ್ಕೆ ಬಂದು, ನೀಲಿ ಕೆಳಗೆ ಬರ್ತದೆ ನೋಡು, ಹಂಗೆ. ಹಂಗಿಟ್ರೆ ನಂಗೆ ಅದರಲ್ಲಿ ಕೆರೆನೂ ಕಾಣಲ್ಲ, ಕಣನೂ ಕಾಣಲ್ಲ. ಚಂದ ಮಾತ್ರ ಕಾಣ್ತದೆ."

ವರ್ಷವಿಡೀ ನಾನು ಗಿರಾಕಿಗಳಿಗೆ ಹೇಳಲು ಹೆಣಗಿದ್ದು ಅದನ್ನೇ. ಆ ಹೊತ್ತಿಗೆ, ಕಡುಬು ಚೆನ್ನಾಗಿದೆ ಎಂದಷ್ಟೇ ಹೇಳಿದೆ. ಅಂದಿನಿಂದ ಗಿರಾಕಿಗಳು "ಇದು ಎಂತದು?" ಎಂದರೆ, "ನಿಮಗೆ ಎಂತದು ಕಾಣ್ತದೆ?" ಎಂದು ಕೇಳಿ ಸುಮ್ಮನಿರುವುದನ್ನು ಕಲಿತೆ. ಹೊಸಬರಿಗೆ ಹೇಳಿಕೊಡಲು ನನ್ನಲ್ಲಿರುವ ವಿಧಾನ ಇದೊಂದೇ. ಕಾಣುವುದನ್ನು ಪೂರ್ತಿ ಹೇಳಿ ಮುಗಿಸಿದ ಮೇಲೆ ಅವರಲ್ಲಿ ಕೆಲವರು ಚಿತ್ರ ನೋಡತೊಡಗುತ್ತಾರೆ. ಅದಕ್ಕೆ ತುಂಬಾ ಹೊತ್ತು ಹಿಡಿಯುತ್ತದೆ. ಹತ್ತಿರ ಒಂದು ಕುರ್ಚಿ ಇರಲಿ.

ಆ ಊಟದ ಮರುದಿನ ಬೆಳಿಗ್ಗೆ ಮೊದಲ ಬಸ್ಸು ಹಿಡಿದು, ಮೂಡಿಗೆರೆಯಲ್ಲಿ ಬದಲಿಸಿ, ಗೋಣಿಬೀಡಿಗೆ ಹೋದೆ. ಊಟದ ಹಾಲಿನಲ್ಲಿ ಚಿತ್ರವನ್ನು ಕಂಬಳಿಯ ಮೇಲೆ ಬೋರಲು ಮಲಗಿಸಿ, ಯಾವ ಬದಿ ಮೇಲಾದರೂ ತೂಗುವಂತೆ ಚೌಕಟ್ಟಿನ ನಾಲ್ಕೂ ಬದಿಗೆ ಕೊಕ್ಕೆ ತಿರುಗಿಸಿ ತಂತಿ ಕಟ್ಟಿದೆ. ಕ್ಯಾನ್ವಾಸಿನ ಹಿಂಬದಿಯಲ್ಲಿ, ಯಾವ ಬದಿ ಮೇಲೆಂದು ತೋರಿಸಲು, ಚಿತ್ರಕಾರರು ದಪ್ಪ ಕಪ್ಪು ಬಣ್ಣದಲ್ಲಿ ಒಂದು ಬಾಣ ಬರೆದಿದ್ದರು. ತಾರಕ್ಕನ ಬಳಿ ಮೈದಾ ಅಂಟು ಮಾಡಿಸಿಕೊಂಡು, ಅದರ ಮೇಲೆ ಒಂದು ಕಂದು ಕಾಗದ ಅಂಟಿಸಿದೆ.